ದಾರದಕ್ಕ ಮತ್ತು ಅಂಟಿಸಿದ ಹಾಳೆ

ದಾರದಕ್ಕನಿಗೆ ಸರ್ಕಾರ ಹದಿನಾಲ್ಕು ತಿಂಗಳ ಸಂಬಳದ ವ್ಯತ್ಯಾಸ ಬಾಕಿ ಇಟ್ಟಿದೆ. ತಿಂಗಳಿಗೆ ಆರು ಸಾವಿರದ ಇನ್ನೂರರಂತೆ. ಕೊಡಿ ಅಂತ ನ್ಯಾಯಮಂಡಳಿ ಹೇಳಿ ಎಂಟು ತಿಂಗಳಾಯಿತು. ಬಿಲ್ಲು ಖಜಾನೆಗೆ ಹೋಗಿದೆ ಅಂತ ಒಂದು ವಾರ, ಸಹಿ ಸರಿಯಿಲ್ಲ ಅಂತ ತಿರುಗಿ ಬಂದಿದೆ ಅಂತ ಇನ್ನೊಂದು ವಾರ. ಅವಳನ್ನು ಕೇಳಿದರೆ, "ಬರುತ್ತೆ ಬಿಡಣ್ಣ, ಎಲ್ಲಿಗೆ ಹೋಗುತ್ತೆ. ಅವರಪ್ಪನ ಮನೆ ದುಡ್ಡೇನಲ್ಲವಲ್ಲ" ಅನ್ನುತ್ತಾಳೆ. ಮೇಲ್ವಿಚಾರಕರ ಕುರ್ಚಿ ತಿರುಗಿ ಸಿಕ್ಕ ನೆಮ್ಮದಿಯಲ್ಲಿದ್ದಾಳೆ, ಮಾತಿಗೆ ಮುಂಚೆ ನಗುತ್ತಾಳೆ. ನಾನು ಅಷ್ಟು ಸುಲಭಕ್ಕೆ ನಗುವ ಪೈಕಿ ಅಲ್ಲ. ಹಾಗಾಗಿ ಬಾಕಿಯನ್ನು ಮೊದಲ ಸಾಲಿನಲ್ಲೇ ಬರೆದಿಟ್ಟೆ.

ಸರ್ಕಾರಿ ಮುದ್ರಣಾಲಯದ ಬೈಂಡಿಂಗ್ ವಿಭಾಗದಲ್ಲಿ ಅವಳು ಇಪ್ಪತ್ತೇಳು ವರ್ಷದಿಂದ ಇದ್ದಾಳೆ. ವಿಭಾಗ ಅಂದರೆ ತಗಡು ಹೊದಿಸಿದ ಉದ್ದನೆಯ ಶೆಡ್ಡು, ಮೂರು ಮೇಜು. ಅಚ್ಚಾಗಿ ಬಂದ ದೊಡ್ಡ ಹಾಳೆ ಮೊದಲ ಮೇಜಿನಲ್ಲಿ ಮಡಿಕೆಯಾಗುತ್ತದೆ, ಎರಡನೆಯದರಲ್ಲಿ ಹೊಲಿಗೆ ಬೀಳುತ್ತದೆ, ಮೂರನೆಯದರಲ್ಲಿ ರಟ್ಟು ಹೊದೆಯುತ್ತದೆ. ಮೂಲೆಯಲ್ಲಿ ಕಟಿಂಗ್ ಮಷೀನು, ಹೊಲಿದ ಪುಸ್ತಕದ ಅಂಚು ಸಮ ಮಾಡುವುದಕ್ಕೆ. ಶಾಲೆಯ ಹಾಜರಿ ಪುಸ್ತಕದಿಂದ ಹಿಡಿದು ಜೈಲಿನ ಭೇಟಿ ಪುಸ್ತಕದ ತನಕ, ಬಜೆಟ್ಟಿನಿಂದ ಹಿಡಿದು ಹೆರಿಗೆ ಆಸ್ಪತ್ರೆಯ ದಾಖಲೆ ಪುಸ್ತಕದ ತನಕ, ಸರ್ಕಾರ ಬರೆದುಕೊಳ್ಳುವುದೆಲ್ಲ ಈ ಶೆಡ್ಡಿನಲ್ಲಿ ಹೊಲಿದ ಕಾಗದದ ಮೇಲೇ.

ದಾರದಕ್ಕ ಅಂತ ಯಾರು ಮೊದಲು ಕರೆದರೋ ಗೊತ್ತಿಲ್ಲ. ಎದೆಯ ಹತ್ತಿರ ಬಟ್ಟೆಗೆ ಚುಚ್ಚಿದ ಸೂಜಿ, ಕೊರಳಲ್ಲಿ ನೇತಾಡುವ ದಾರದ ಲಡಿ, ಬಲಗೈ ತೋರುಬೆರಳಿನಲ್ಲಿ ದಾರ ಎಳೆದೆಳೆದು ಬಿದ್ದ ಗೀರು. ದಾರಕ್ಕೆ ಮೇಣ ಉಜ್ಜುವುದನ್ನು ಬೇರೆಯವರ ಕೈಗೆ ಕೊಟ್ಟವಳಲ್ಲ. ಹೊಲಿಗೆ ಕಲಿತದ್ದು ಆಮೇಲೆ, ಕೆಲಸಕ್ಕೆ ಸೇರಿದ್ದು ಮಡಿಕೆ ಮೇಜಿಗೆ, ಪರಿಶಿಷ್ಟ ಜಾತಿಗೆ ಮೀಸಲಾದ ಜಾಗಕ್ಕೆ. ಇದನ್ನು ಅವಳು ಮುಚ್ಚಿಟ್ಟಿದ್ದು ಇಲ್ಲ, ಮೈಮೇಲೆ ಹಾಕಿಕೊಂಡು ಮೆರೆದಿದ್ದೂ ಇಲ್ಲ. ಅವಳಪ್ಪ ಇದೇ ಮುದ್ರಣಾಲಯದ ಹೊರಗೆ ರದ್ದಿ ಕಾಗದ ಹೊರುತ್ತಿದ್ದ. ಆ ಮನೆಯಿಂದ ಒಳಗೆ ಕಾಲಿಟ್ಟ ಮೊದಲಿಗಳು ಇವಳು.

ಹನ್ನೊಂದು ವರ್ಷದ ಹಿಂದೆ ಮೇಲ್ವಿಚಾರಕರ ಮೂರು ಹುದ್ದೆ ಖಾಲಿಯಾದವು, ಮೇಜಿಗೊಂದರಂತೆ. ಪರೀಕ್ಷೆ ಇಟ್ಟರು: ಅರ್ಧ ಬರೆಯುವುದು, ಅರ್ಧ ಕೈಕೆಲಸ. ನಲವತ್ತು ಜನ ಕೂತರು. ಫಲಿತಾಂಶ ಅಂತ ನೋಟಿಸ್ ಬೋರ್ಡಿಗೆ ಹಚ್ಚಿದ್ದು ಮೂರೇ ಹೆಸರು, ಅಂಕ ಇರಲಿಲ್ಲ. ಮೂರನೆಯ ಹೆಸರು ದಾರದಕ್ಕನದು, ಪಕ್ಕದಲ್ಲಿ 'ಮೀಸಲು' ಅಂತ.

ಕಟಿಂಗ್ ಮಷೀನು ನಡೆಸುವವನನ್ನು ಎಲ್ಲರೂ ಬ್ಲೇಡಣ್ಣ ಅನ್ನುತ್ತಿದ್ದರು. ಪರೀಕ್ಷೆಗೆ ಅವನೂ ಕೂತಿದ್ದ. ಬೋರ್ಡಿನ ಮುಂದೆ ನಿಂತು ಮೂರು ಸಲ ಓದಿದ.

"ನಿನ್ನದೇನಕ್ಕ, ಲಿಫ್ಟು ಕಳಿಸ್ತಾರೆ. ನಾವು ಮೆಟ್ಟಿಲು ಹತ್ತಿ ಹತ್ತಿ ಸಾಯೋದು" ಅಂದ.

"ನಿಮ್ಮಜ್ಜ ನಮ್ಮಜ್ಜನಿಗೆ ಮೆಟ್ಟಿಲೇ ತೋರಿಸಿರಲಿಲ್ಲ ಬ್ಲೇಡಣ್ಣ" ಅಂದಳು ಇವಳು. "ಹೋಗಲಿ, ಆ ಕುರ್ಚಿ ಮೇಲೆ ಗೋಂದು ಮೆತ್ತಿದೆ, ಸ್ವಲ್ಪ ಒರೆಸಿಕೊಡು."

ಒರೆಸಿಕೊಟ್ಟ. ಮಧ್ಯಾಹ್ನ ಎಂದಿನಂತೆ ಇಬ್ಬರೂ ಒಂದೇ ಬೆಂಚಿನಲ್ಲಿ ಊಟದ ಡಬ್ಬಿ ಬಿಚ್ಚಿದರು. ಆದರೆ ತನ್ನ ಕುರ್ಚಿ ಇವಳು ತಗೊಂಡಳು ಅನ್ನುವುದು ಅವನ ಹೊಟ್ಟೆಯಲ್ಲಿ ಕೂತುಬಿಟ್ಟಿತು. ಅವನು ಕೆಟ್ಟ ಮನುಷ್ಯ ಅಲ್ಲ. ಕೆಟ್ಟವನಾಗಿದ್ದರೆ ನನಗೆ ಬೈಯುವುದು ಸುಲಭವಾಗುತ್ತಿತ್ತು.

ಒಂಬತ್ತು ವರ್ಷ ಆ ಕುರ್ಚಿ ನಡೆಯಿತು. ಅಷ್ಟರಲ್ಲಿ ಬೇರೆ ಬೇರೆ ಇಲಾಖೆಯವರು ಸೇರಿ ಕೋರ್ಟಿಗೆ ಹೋದರು. ಕೆಲಸಕ್ಕೆ ಸೇರುವಾಗ ಮೀಸಲಾತಿ ಇರಲಿ, ಒಳಗೆ ಬಂದ ಮೇಲೆ ಬಡ್ತಿಯಲ್ಲಿ ಯಾಕೆ ಅಂತ ಅವರ ವಾದ. ನಮ್ಮ ಮುದ್ರಣಾಲಯದಿಂದ ಸಹಿ ಹಾಕಿದವರಲ್ಲಿ ಬ್ಲೇಡಣ್ಣ ಮೊದಲಿಗ. ವರ್ಷಗಟ್ಟಲೆ ನಡೆದ ಮೇಲೆ ಕೋರ್ಟು ಹೇಳಿತು: ಮೇಲಿನ ಹುದ್ದೆಗಳಲ್ಲಿ ಈ ಜನ ನಿಜಕ್ಕೂ ಕಡಿಮೆ ಇದ್ದಾರೆ ಅನ್ನುವುದಕ್ಕೆ ಸರ್ಕಾರ ಅಂಕಿಸಂಖ್ಯೆ ಕೊಟ್ಟಿಲ್ಲ, ಕೊಡದೆ ಈ ನಿಯಮ ನಿಲ್ಲುವುದಿಲ್ಲ. ಆ ನಿಯಮದಲ್ಲಿ ಮೇಲೆ ಹೋದವರು ಕೆಳಗೆ ಬರಬೇಕು. ಅಂಕಿ ಕೊಡಬೇಕಾಗಿದ್ದವರು ಸಚಿವಾಲಯದಲ್ಲಿ ಫ್ಯಾನಿನ ಕೆಳಗೆ ಕೂತಿದ್ದ ದೊಡ್ಡವರು. ಕೊಡದೆ ಇದ್ದದ್ದಕ್ಕೆ ಕುರ್ಚಿ ಬಿಟ್ಟವರು ನಮ್ಮವರು.

ಯಾರ್ಯಾರು ಇಳಿಯಬೇಕು ಅಂತ ಪ್ರತಿ ಕಚೇರಿಯೂ ತನ್ನ ರೋಸ್ಟರ್ ಪುಸ್ತಕ ನೋಡಿ ಪಟ್ಟಿ ಮಾಡಿತು. ರೋಸ್ಟರ್ ಅಂದರೆ ಕಷ್ಟದ ವಿಷಯವೇನಲ್ಲ. ಹುದ್ದೆಗಳಿಗೆ ಸಾಲಾಗಿ ಅಂಕಿ ಹಾಕಿರುತ್ತಾರೆ. ಇಂಥ ಅಂಕಿ ಎಲ್ಲರಿಗೂ ಮುಕ್ತ, ಇಂಥ ಅಂಕಿ ಮೀಸಲು. ಯಾರು ಬಂದರೋ ಅವರ ಹೆಸರನ್ನು ಆ ಅಂಕಿಯ ಎದುರು ಬರೆಯುತ್ತಾರೆ. ದಾರದಕ್ಕನ ಹೆಸರು ಮೀಸಲು ಅಂಕಿಯ ಎದುರು ಇತ್ತು. ನಮ್ಮ ಮುದ್ರಣಾಲಯದಿಂದ ಒಟ್ಟು ಎಂಟು ಜನ ಪಟ್ಟಿಗೆ ಬಂದರು.

ಎಲ್ಲ ಕಚೇರಿಯದೂ ಸೇರಿದ ಆ ಪಟ್ಟಿ ಅಚ್ಚಾದದ್ದೂ ನಮ್ಮಲ್ಲೇ, ಹೊಲಿದದ್ದು ಅವಳ ವಿಭಾಗದಲ್ಲೇ. ನಾನೂರು ಪ್ರತಿ. ನಾನಾಗಿದ್ದರೆ ಒಂದೆರಡು ಕಟ್ಟು ಮೋರಿಗೆ ಎಸೆಯುತ್ತಿದ್ದೆ. ಅವಳು ಒಂದು ಪ್ರತಿಯ ದಾರ ಸಡಿಲ ಬಂತು ಅಂತ ಹುಡುಗಿಯೊಬ್ಬಳಿಗೆ ಬೈದು ಮತ್ತೆ ಹೊಲಿಸಿದಳು.

"ಅದರಲ್ಲಿ ನಿಮ್ಮ ಹೆಸರೇ ಇದೆ ಅಕ್ಕಾ" ಅಂದಳು ಹುಡುಗಿ.

"ಇದ್ದರೆ ಬಿಗಿಯಾಗಿ ಹೊಲಿ. ನನ್ನ ಹೆಸರಿನ ಹಾಳೆ ಕಿತ್ತು ಬಂದರೆ ನನಗೇ ಅವಮಾನ."

ಮನೆಗೆ ಹೋಗಿ ಗಂಡನಿಗೆ ಹೇಳಿದಳು. ಅವನು ದೊಡ್ಡಾಸ್ಪತ್ರೆಯಲ್ಲಿ ಲಿಫ್ಟ್ ನಡೆಸುವವನು, ಮಾತು ಕಮ್ಮಿ. "ನಾನು ದಿನಕ್ಕೆ ಇನ್ನೂರು ಸಲ ಮೇಲೆ ಹೋಗ್ತೀನಿ, ಇನ್ನೂರು ಸಲ ಕೆಳಗೆ ಬರ್ತೀನಿ. ಸಂಬಳ ಅಷ್ಟೇ ಇದೆ" ಅಂದ. ಅವಳಿಗೆ ನಗು ಬಂತು, ಅದರ ಬೆನ್ನಿಗೇ ಅಳು. ಅವಳು ಅತ್ತದ್ದನ್ನು ನನಗೆ ಹೇಳಿದವನು ಅವನೇ. ಅವಳು ಇವತ್ತಿಗೂ ಒಪ್ಪುವುದಿಲ್ಲ.

ಮುಂದಿನ ಸೋಮವಾರ ಅವಳು ಮಡಿಕೆ ಮೇಜಿಗೆ ಬಂದು ನಿಂತಳು. ಕೆಲಸಕ್ಕೆ ಸೇರಿದ ದಿನ ನಿಂತಿದ್ದ ಅದೇ ಜಾಗ. ಕುರ್ಚಿಗೆ ಬ್ಲೇಡಣ್ಣನನ್ನು ಕೂರಿಸಿದರು. ಅವನಿಗೆ ಯಂತ್ರ ಗೊತ್ತು, ಜನ ಗೊತ್ತಿಲ್ಲ. ಎರಡನೇ ವಾರಕ್ಕೆ ಬಜೆಟ್ ಪುಸ್ತಕ ಬಂತು, ಎಪ್ಪತ್ತು ಮಡಿಕೆ, ಮೂರು ದಿನದ ಗಡುವು. ಮಡಿಕೆಗಳನ್ನು ಯಾವ ಕ್ರಮದಲ್ಲಿ ಜೋಡಿಸಬೇಕು ಅಂತ ಅವನಿಗೆ ತೋಚಲಿಲ್ಲ. ಮೆಲ್ಲಗೆ ಅವಳ ಹತ್ತಿರ ಬಂದ.

"ಅಕ್ಕಾ, ಇದು ಹೇಗೆ?"

"ಮೇಲ್ವಿಚಾರಕರು ತಾವು. ತಾವು ಹೇಳಿದ ಹಾಗೆ."

"ಗೇಲಿ ಮಾಡಬೇಡ ಮಾರಾಯ್ತಿ. ನಾಡಿದ್ದು ಸಭೆಯಲ್ಲಿ ಪುಸ್ತಕ ತೆರೆದಾಗ ಮೀನುಗಾರಿಕೆ ಪೊಲೀಸರ ಮಧ್ಯೆ ಬಂದರೆ ನನ್ನನ್ನ ಹುಗೀತಾರೆ."

"ಹುಗಿಯಲಿ. ಅಂಚು ಮಾತ್ರ ಸಮ ಇರುತ್ತಲ್ಲ" ಅಂದಳು. ಅಂದವಳು ಎದ್ದು ಹೋಗಿ ಎಪ್ಪತ್ತು ಮಡಿಕೆಯನ್ನೂ ಜೋಡಿಸಿಕೊಟ್ಟಳು. ಹೀಗೆ ತಿಂಗಳುಗಳು ಕಳೆದವು: ಕೆಲಸ ಅವಳದು, ಸಹಿ ಅವನದು, ಸಂಬಳ ಅವನದು. ಅವಳು ಕಲಿಸಿದ ಹುಡುಗಿಯರು ಅವಳ ಪಕ್ಕದಲ್ಲಿ ನಿಂತು ಮಡಿಸುವಾಗ ಅವಳ ಮುಖ ನೋಡುತ್ತಿರಲಿಲ್ಲ. ನಿವೃತ್ತಿಗೆ ಮೂರು ವರ್ಷವೂ ಇರಲಿಲ್ಲ. ಇದೇ ಮೇಜಿನಲ್ಲಿ ಮುಗಿದರೆ ಪಿಂಚಣಿಯೂ ಈ ಮೇಜಿನ ಲೆಕ್ಕಕ್ಕೇ. ಆದರೆ ಅವಳನ್ನು ತಿಂದದ್ದು ಅದಲ್ಲ. "ನನ್ನ ಬೆನ್ನ ಹಿಂದೆ ಎಲ್ಲರೂ ಒಂದೇ ಮಾತು ಹೇಳ್ತಾರಣ್ಣ, ಅವಳಿಗೆ ಕೊಟ್ಟಿದ್ದನ್ನ ತಿರುಗಿ ತಗೊಂಡರು ಅಂತ. ಒಂಬತ್ತು ವರ್ಷ ನಾನು ಮಾಡಿದ್ದು ಕೆಲಸ ಅಲ್ಲವಾ?"

ನಾನು ಆಗ ಮುದ್ರಣಾಲಯದ ಸಂಘದ ಕಾರ್ಯದರ್ಶಿ. ಎಂಟೂ ಜನರ ಕಾಗದ ಹಿಡಿದು ಒಬ್ಬ ವಕೀಲಮ್ಮನ ಹತ್ತಿರ ಹೋದೆ. ಚಿಕ್ಕ ವಯಸ್ಸು, ಮಾತು ಚುರುಕು. "ಒಬ್ಬೊಬ್ಬರದೂ ರೋಸ್ಟರ್ ಪುಟ ಕಣ್ಣಾರೆ ನೋಡಿ ಬನ್ನಿ. ಪಟ್ಟಿಯ ನಕಲು ಬೇಡ, ಪುಸ್ತಕವನ್ನೇ ನೋಡಿ" ಅಂದರು.

ಪುಸ್ತಕ ನೋಡುವುದಕ್ಕೆ ಮೂರು ಅರ್ಜಿ ಬೇಕಾಯಿತು. ಮೊದಲನೆಯದು ಕಳೆದುಹೋಯಿತು, ಎರಡನೆಯದಕ್ಕೆ ಅಂಚೆ ಚೀಟಿ ಸಾಲದು ಅಂದರು. ಮೂರನೆಯದನ್ನು ನಾವು ಮೂವತ್ತು ಜನ ಹೋಗಿ ಕೊಟ್ಟೆವು, ಕೊಟ್ಟು ಅಲ್ಲೇ ನೆಲದ ಮೇಲೆ ಕೂತೆವು. ಸಂಜೆಗೆ ದಿನಾಂಕ ಸಿಕ್ಕಿತು.

ಸಿಬ್ಬಂದಿ ಶಾಖೆಯ ಕೋಣೆ, ಎರಡು ಕಪಾಟು, ಒಂದು ಮೇಜು. ಕೂತಿದ್ದವರು ಆಡಳಿತಾಧಿಕಾರಿ, ಆಗಷ್ಟೇ ವರ್ಗವಾಗಿ ಬಂದಿದ್ದ ಹೆಂಗಸು. ಪಕ್ಕದಲ್ಲಿ ಶಾಖೆಯ ಸೂಪರಿಂಟೆಂಡೆಂಟರು. ಅವರ ಕೈಬರಹ ಗುಂಡುಗುಂಡಗೆ ಅಚ್ಚಿಗಿಂತ ಚೆಂದ, ಅದಕ್ಕೆ ಅವರಿಗೆ ದುಂಡಕ್ಷರ ಸಾಹೇಬರು ಅಂತಲೇ ಹೆಸರು. ಕೋರ್ಟಿಗೆ ಹೋದವರ ಪರವಾಗಿ ಒಬ್ಬರು ಇರಲಿ ಅಂತ ಬ್ಲೇಡಣ್ಣನನ್ನೂ ಕರೆಸಿದ್ದರು. ಅವನು ಗೋಡೆಗೆ ಒರಗಿ ನಿಂತಿದ್ದ, ಯಾರ ಮುಖವನ್ನೂ ನೋಡದೆ.

ದುಂಡಕ್ಷರ ಸಾಹೇಬರು ಪುಸ್ತಕ ತಂದು ಮೂವತ್ತೊಂದನೇ ಪುಟ ಬಿಡಿಸಿಟ್ಟರು. "ಮುಟ್ಟಬೇಡಿ, ನೋಡಿ ಅಷ್ಟೇ."

"ಈ ಪುಸ್ತಕ ಹೊಲಿದವಳೇ ನಾನು ಸರ್" ಅಂದಳು ದಾರದಕ್ಕ. "ಹೊಲಿಯೋವಾಗ ಮುಟ್ಟಬಹುದಿತ್ತು, ಈಗ ಮುಟ್ಟಬಾರದಾ?"

"ಮುಟ್ಟಲಿ ಬಿಡಿ" ಅಂದರು ಅಧಿಕಾರಿ.

ನಾನು ಬಗ್ಗಿ ಹೆಸರು ಓದತೊಡಗಿದೆ. ಒಂದು ಮುಕ್ತ, ಎರಡು ಮುಕ್ತ, ಮೂರು ಮೀಸಲು. ಮೂರರ ಎದುರು ಅವಳ ಹೆಸರು, ದುಂಡಗೆ. ಮುಗಿಯಿತು ಅಂದುಕೊಂಡೆ. ಅವಳು ಓದುತ್ತಲೇ ಇರಲಿಲ್ಲ. ಎರಡು ಪುಟ ಕೂಡುವ ಸಂದಿಯಲ್ಲಿ ಹೆಬ್ಬೆರಳಿಟ್ಟು ಮೇಲಿಂದ ಕೆಳಗೆ ಎಳೆದಳು. ಆಮೇಲೆ ಹದಿನೇಳನೇ ಪುಟಕ್ಕೆ ಹೋಗಿ ಆ ಎಲೆಯನ್ನು ಎರಡು ಬೆರಳಲ್ಲಿ ಹಿಡಿದು ಅಲ್ಲಾಡಿಸಿದಳು.

"ಅಣ್ಣ, ಇದು ನನ್ನ ಹೊಲಿಗೆ ಅಲ್ಲ."

"ಅಂದರೆ?" ಅಂದರು ಅಧಿಕಾರಿ.

"ನಾಲ್ಕು ದೊಡ್ಡ ಹಾಳೆ ಒಂದರೊಳಗೊಂದು ಇಟ್ಟು ಮಡಿಸಿದರೆ ಎಂಟು ಎಲೆ ಆಗುತ್ತೆ ಮೇಡಂ, ಹದಿನಾರು ಪುಟ. ದಾರ ಮಧ್ಯದ ಮಡಿಕೆಯಲ್ಲಿ ಹೋಗುತ್ತೆ. ಹಾಗಾಗಿ ಒಂದೊಂದು ಎಲೆಗೂ ಆ ಕಡೆ ಒಂದು ಜೋಡಿ ಎಲೆ ಇರುತ್ತೆ, ಎರಡೂ ಒಂದೇ ಹಾಳೆ. ಮೂವತ್ತೊಂದರ ಜೋಡಿ ಹದಿನೇಳು. ಹದಿನೇಳು ನೋಡಿ, ಹಲ್ಲು ಅಲ್ಲಾಡಿದ ಹಾಗೆ ಅಲ್ಲಾಡ್ತಿದೆ. ಅದರ ಜೋಡೀನ ಯಾರೋ ಕತ್ತರಿಸಿದ್ದಾರೆ. ಇಲ್ಲಿ ಕೂತಿರೋ ಎಲೆ ಆಮೇಲೆ ಗೋಂದು ಹಚ್ಚಿ ಅಂಟಿಸಿದ್ದು."

"ಹಳೇ ಪುಸ್ತಕ ಮೇಡಂ" ಅಂದರು ದುಂಡಕ್ಷರ ಸಾಹೇಬರು. "ಬೈಂಡಿಂಗ್ ಬಿಟ್ಟಿರುತ್ತೆ."

"ಬಿಟ್ಟರೆ ಎಲೆ ಹೊರಗೆ ಬರುತ್ತೆ ಸರ್, ಒಳಗೆ ಹೋಗಲ್ಲ. ಇದರ ಅಂಚು ಒಳಗೆ ಹೋಗಿದೆ, ಮಿಕ್ಕ ಎಲೆಗಿಂತ ಅರ್ಧ ಉಗುರಷ್ಟು ಗಿಡ್ಡ."

"ಅದು ಕಟಿಂಗ್ ದೋಷ. ಈ ಪ್ರೆಸ್ಸಲ್ಲಿ ಕಟಿಂಗ್ ಯಾವತ್ತು ನೆಟ್ಟಗಿತ್ತು?"

ಗೋಡೆಯಿಂದ ಬೆನ್ನು ಕಿತ್ತುಕೊಂಡು ಬ್ಲೇಡಣ್ಣ ಮೇಜಿನ ಹತ್ತಿರ ಬಂದ. "ಏನಂದ್ರಿ ಸರ್?"

"ನಿನಗಲ್ಲಯ್ಯ ಹೇಳಿದ್ದು."

"ಇಪ್ಪತ್ತನಾಲ್ಕು ವರ್ಷ ಆ ಮಷೀನಿಗೆ ನಾನೊಬ್ಬನೇ ನಿಂತಿದ್ದು. ಇನ್ಯಾರಿಗೆ ಹೇಳಿದ್ದು?" ಪುಸ್ತಕ ಎತ್ತಿ ಅಂಚನ್ನು ಕಣ್ಣಿನ ಮಟ್ಟಕ್ಕೆ ಹಿಡಿದ. "ಮೇಡಂ, ಹೊಲಿದಾದ ಮೇಲೆ ಪುಸ್ತಕ ನನ್ನ ಹತ್ತಿರ ಬರೋದು. ಒಂದೇ ಏಟು, ಎಲ್ಲ ಎಲೆನೂ ಒಟ್ಟಿಗೆ ಕಟ್ಟಾಗುತ್ತೆ. ಒಂದು ಎಲೆ ಮಾತ್ರ ಗಿಡ್ಡ ಆಗೋಕೆ ಅದೇನು ಏಟು ಬೀಳೋವಾಗ ಬಗ್ಗಿತ್ತಾ? ಇದು ಕತ್ತರಿ ಕೆಲಸ. ನೋಡಿ, ಅಂಚು ಇಲಿ ಕಡಿದ ಹಾಗಿದೆ. ನನ್ನ ಬ್ಲೇಡು ಹೀಗೆ ಕತ್ತರಿಸಿದ್ದರೆ ನಾನು ಆವತ್ತೇ ಕೆಲಸ ಬಿಟ್ಟು ತರಕಾರಿ ಮಾರೋಕೆ ಹೋಗ್ತಿದ್ದೆ."

ಅವನ ಮೊಣಕೈ ಹಿಡಿದು ಕೇಳಿದೆ, "ಬ್ಲೇಡಣ್ಣ, ನೀನು ಯಾರ ಕಡೆ ಸಾಕ್ಷಿ?"

"ನಾನು ಮಷೀನಿನ ಕಡೆ" ಅಂದ.

ಅಧಿಕಾರಿ ದುಂಡಕ್ಷರ ಸಾಹೇಬರ ಕಡೆ ತಿರುಗಿದರು. "ಇಲ್ಲಿದ್ದ ಎಲೆ ಎಲ್ಲಿ?"

ಅವರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡರು. ಸುಳ್ಳು ಹೇಳುತ್ತಾರೆ ಅಂದುಕೊಂಡೆ, ಹೇಳಲಿಲ್ಲ. ಎದ್ದು ಕಪಾಟಿನಿಂದ ಒಂದು ಕಡತ ತೆಗೆದು, ಅದರ ಕೊನೆಯ ರಟ್ಟಿಗೆ ಹಚ್ಚಿದ ಲಕೋಟೆಯಿಂದ ಮಡಿಸಿದ ಎಲೆಯೊಂದನ್ನು ತೆಗೆದರು. "ಸರ್ಕಾರಿ ಕಾಗದ. ಎಸೆಯೋಕೆ ಬರಲ್ಲವಲ್ಲ" ಅಂದರು. ಹತ್ತು ವರ್ಷ ಅದನ್ನು ಜೋಪಾನ ಮಾಡಿದ್ದರು, ನೋಡಿ. ಗುಮಾಸ್ತಿಕೆಯ ಮರ್ಯಾದೆಯೊಂದು ಅವರನ್ನು ಕೈಬಿಟ್ಟಿರಲಿಲ್ಲ.

ಎಲೆಯ ನಡುವೆ ಚಹಾ ಲೋಟದ ಗುಂಡು ಕಲೆ. ಬೇರೆಯವರ ಕೈಬರಹ. ಒಂದನೇ ಅಂಕಿ, ಮುಕ್ತ: ದಾರದಕ್ಕ, ಎಂಬತ್ತಾರು ಅಂಕ. ಎರಡನೇ ಅಂಕಿ, ಮುಕ್ತ: ರಟ್ಟಿನ ಮೇಜಿನವನು, ಎಂಬತ್ತೊಂದು. ಮೂರನೇ ಅಂಕಿ, ಮೀಸಲು: ಗೋಂದಣ್ಣ ಅಂತ ನಾವು ಕರೆಯುತ್ತಿದ್ದ ನಮ್ಮ ಕೇರಿಯವನೇ ಇನ್ನೊಬ್ಬ, ಎಪ್ಪತ್ತೊಂದು. ಕೆಳಗೆ, ಜಾಗ ಸಿಗದೆ ಕಾಯುವವರ ಸಾಲಿನಲ್ಲಿ ಇಬ್ಬರು: ಹೊಲಿಗೆ ಮೇಜಿನವನು ಎಪ್ಪತ್ತೊಂಬತ್ತು, ಬ್ಲೇಡಣ್ಣ ಎಪ್ಪತ್ತೇಳು.

ಆಮೇಲೆ ದುಂಡಕ್ಷರ ಸಾಹೇಬರೇ ಬಾಯಿಬಿಟ್ಟರು. ಇದನ್ನು ಬರೆದದ್ದು ಆಗಿನ ಹಿರಿಯ ಗುಮಾಸ್ತರು, ಬರೆದು ರಜೆಯ ಮೇಲೆ ಹೋದರು. ಇವರು ಆಗ ಕಿರಿಯರು. ಫಲಿತಾಂಶ ಬೋರ್ಡಿಗೆ ಹಚ್ಚುವ ಮೊದಲೇ ಇವರ ಕೈಯಿಂದ ಅದರ ಮೇಲೆ ಚಹಾ ಚೆಲ್ಲಿತು. ಹೊಸ ಎಲೆಯಲ್ಲಿ ನಕಲು ಮಾಡಿ ಅಂಟಿಸುವುದಕ್ಕೆ ಅಪ್ಪಣೆಯೂ ತಗೊಂಡರು.

"ನಕಲು ಮಾಡಿದರೆ ಇದ್ದ ಹಾಗೆ ಮಾಡಬೇಕಲ್ಲ? ಇವರು ಒಂದರಿಂದ ಮೂರಕ್ಕೆ ಹೇಗೆ ಬಂದರು?"

"ಒಂದನೇದು ಮುಕ್ತ ಮೇಡಂ. ಇವರ ಹೆಸರು ಅಲ್ಲಿ ಹೇಗಿರುತ್ತೆ ಅನ್ನಿಸ್ತು. ದೊಡ್ಡ ಗುಮಾಸ್ತರು ಅವಸರದಲ್ಲಿ ತಪ್ಪು ಮಾಡಿದ್ದಾರೆ, ಸರಿ ಮಾಡೋಣ ಅಂತ."

"ಪಕ್ಕದಲ್ಲೇ ಅಂಕ ಇತ್ತಲ್ಲ?"

"ಅಂಕ ನೋಡಲಿಲ್ಲ. ಜಾತಿಯ ಕಾಲಂ ನೋಡಿದೆ. ಅಷ್ಟು ಸಾಕು ಅನ್ನಿಸ್ತು."

ಅಷ್ಟೇ ನಡೆದದ್ದು. ಲಂಚ ಇಲ್ಲ, ದ್ವೇಷ ಇಲ್ಲ, ಯಾರೂ ಹೇಳಿಕೊಟ್ಟದ್ದಲ್ಲ. ಒಬ್ಬ ಪ್ರಾಮಾಣಿಕ ಮನುಷ್ಯ ಸರಿಯಾಗಿದ್ದುದನ್ನು ತಪ್ಪು ಅಂತ ತಿದ್ದಿದ. ಈ ಹೆಸರು ಮೊದಲ ಸಾಲಿನಲ್ಲಿ ಇರಲು ಸಾಧ್ಯ ಅಂತ ಅವನ ತಲೆಗೆ ಹೊಳೆಯಲೇ ಇಲ್ಲ. ಮೇಲಿನವರು ಕಣ್ಣುಮುಚ್ಚಿ ಸಹಿ ಹಾಕಿದರು. ದಾರದಕ್ಕ ಮೂರಕ್ಕೆ ಇಳಿದದ್ದರಿಂದ ಎಪ್ಪತ್ತೊಂಬತ್ತರವನು ಮುಕ್ತ ಅಂಕಿಗೆ ಬಂದು ಕುರ್ಚಿ ಹಿಡಿದ, ಗೋಂದಣ್ಣ ಹೊರಬಿದ್ದ. ಆಮೇಲೆ ಕೋರ್ಟು ಮೀಸಲು ಅಂಕಿಯವರು ಇಳಿಯಲಿ ಅಂದಾಗ, ನಲವತ್ತು ಜನರಲ್ಲಿ ಮೊದಲನೆಯವಳಾಗಿ ಬಂದವಳು ಇಳಿದಳು.

ದಾರದಕ್ಕ ಎಲೆಯನ್ನು ಕೈಯಲ್ಲಿ ಹಿಡಿದು ತನ್ನ ಅಂಕ ನೋಡುತ್ತಿದ್ದಳು. ಹತ್ತು ವರ್ಷ ಅದು ಅವಳಿಗೆ ಗೊತ್ತಿರಲಿಲ್ಲ. ಬ್ಲೇಡಣ್ಣ ಅವಳ ಭುಜದ ಮೇಲಿಂದ ಬಗ್ಗಿ ತನ್ನದನ್ನು ನೋಡಿದ.

"ನಾನು ನಾಲ್ಕನೆಯವನಾ?"

"ಅಂಕದ ಲೆಕ್ಕದಲ್ಲಿ ನಾಲ್ಕನೆಯವನು" ಅಂದೆ. "ಕುರ್ಚಿ ಮೂರು. ಮೀಸಲಾತಿ ಅನ್ನೋದು ಹುಟ್ಟದೇ ಇದ್ದಿದ್ದರೂ ನಿನಗೆ ಕುರ್ಚಿ ಇರಲಿಲ್ಲ ಮಾರಾಯ."

ಅವನು ಹೊರಗೆ ಹೋದ. ಅರ್ಧ ಗಂಟೆ ಬಿಟ್ಟು ನಾವು ಇಳಿದು ಬಂದಾಗ ಗೇಟಿನ ಹತ್ತಿರ ಮೂರು ಲೋಟ ಚಹಾ ಹಿಡಿದು ನಿಂತಿದ್ದ. "ಕುಡೀರಿ. ಕಾಗದದ ಮೇಲೆ ಚೆಲ್ಲಬೇಡಿ" ಅಂದ. ದಾರದಕ್ಕನಿಗೆ ನಗು ತಡೆಯಲಾಗಲಿಲ್ಲ. ನಕ್ಕು ನಕ್ಕು ಅವಳ ಚಹಾ ಚೆಲ್ಲಿತು.

ವಕೀಲಮ್ಮ ಎಲೆಯ ನಕಲು ನೋಡಿ ಕುರ್ಚಿಯಿಂದ ಎದ್ದು ನಿಂತರು. "ಕೇಸು ಗೆದ್ದ ಹಾಗೆ. ನೀವು ಬಂದದ್ದೇ ಮುಕ್ತ ಅಂಕಿಯಲ್ಲಿ. ಬಿದ್ದುಹೋದ ನಿಯಮಕ್ಕೂ ನಿಮಗೂ ಸಂಬಂಧ ಇಲ್ಲ." ರಾತ್ರೋರಾತ್ರಿ ಅರ್ಜಿ ತಯಾರಾಯಿತು. ಮರುದಿನ ದಾರದಕ್ಕ ಅದನ್ನು ಬೆರಳಿಟ್ಟು ಓದುತ್ತಾ ಓದುತ್ತಾ ಒಂದು ಸಾಲಿನಲ್ಲಿ ನಿಂತಳು.

"ಇದನ್ನ ಹೊಡೆದುಹಾಕಿ."

ಆ ಸಾಲು ಹೀಗಿತ್ತು: ಅರ್ಜಿದಾರಳು ಮೀಸಲಾತಿಯ ಯಾವುದೇ ಪ್ರಯೋಜನ ಪಡೆದವಳಲ್ಲ, ಸ್ವಂತ ಪ್ರತಿಭೆಯಿಂದ ಮೇಲೆ ಬಂದವಳು.

"ಇದೇ ಅಲ್ಲವಾ ಅಕ್ಕ ನಮ್ಮ ಬಲ?" ಅಂದರು ವಕೀಲಮ್ಮ.

"ಕೆಲಸಕ್ಕೆ ಸೇರಿದ್ದೇ ಮೀಸಲಾತಿಯಲ್ಲಿ. ಸೇರಿಸದೇ ಇದ್ದಿದ್ದರೆ ಈ ಎಂಬತ್ತಾರನ್ನ ಎಲ್ಲಿ ತಗೋತಿದ್ದೆ, ನಮ್ಮಪ್ಪನ ರದ್ದಿ ಮೂಟೆ ಮೇಲಾ? ಇನ್ನೂ ಏಳು ಜನ ಇಳಿದು ಕೂತಿದ್ದಾರೆ. ಇದಕ್ಕೆ ನಾನು ಸಹಿ ಹಾಕಿದರೆ ಅವರು ದಡ್ಡರು, ನಾನೊಬ್ಬಳು ಜಾಣೆ ಅಂದ ಹಾಗೆ. ಅವರ ಜೊತೆ ಕೆಲಸ ಮಾಡಿದವಳು ನಾನು. ಹಾಕಲ್ಲ."

"ನ್ಯಾಯಾಧೀಶರಿಗೆ ಆ ಸಾಲು ಇಷ್ಟ ಆಗುತ್ತೆ."

"ಇಷ್ಟ ಆಗಬೇಕಿಲ್ಲ. ಪುಸ್ತಕ ನೋಡಲಿ."

ವಕೀಲಮ್ಮ ನನ್ನ ಮುಖ ನೋಡಿದರು. ನಾನು ಪೆನ್ನು ಮುಂದೆ ಸರಿಸಿದೆ. ಸಾಲು ಹೋಯಿತು. ಸೋತರೆ ಆ ಒಂದು ಸಾಲಿಗೆ ನಾನೇ ಹೊಣೆ ಅಂತ ಒಳಗೊಳಗೇ ಬೆವೆತಿದ್ದೆ, ಅದನ್ನು ಈಗ ಹೇಳುತ್ತಿದ್ದೇನೆ.

ನ್ಯಾಯಮಂಡಳಿಯಲ್ಲಿ ಸರ್ಕಾರದ ವಕೀಲರು ಕೇಳಿದ್ದು ಒಂದೇ ಪ್ರಶ್ನೆ: ಒಂಬತ್ತು ವರ್ಷ 'ಮೀಸಲು' ಅಂತ ಬರೆದ ಹೆಸರಿನಲ್ಲಿ ಸಂಬಳ ತಗೊಂಡರು, ಆಗ ಯಾಕೆ ತಕರಾರು ಮಾಡಲಿಲ್ಲ?

ನ್ಯಾಯಾಧೀಶರು ಅವಳನ್ನೇ ಕೇಳಿದರು.

"ಬೋರ್ಡಿನಲ್ಲಿ ಅಂಕ ಹಾಕಿರಲಿಲ್ಲ ಸ್ವಾಮಿ" ಅಂದಳು. "ನಾನು ಮೊದಲು ಬಂದಿದ್ದೀನಾ ಅಂತ ಆವತ್ತು ಹೋಗಿ ಕೇಳಿದ್ದರೆ, ಕುರ್ಚಿ ಸಿಕ್ಕಿದ್ದು ಸಾಲದಾ, ಇದಕ್ಕೆ ಸೊಕ್ಕು ನೋಡು ಅಂತಿದ್ದರು. ಅವರು ಬರೆದಿದ್ದನ್ನ ನಾನೂ ನಂಬಿದೆ."

ನ್ಯಾಯಾಧೀಶರು ಪುಸ್ತಕ ತರಿಸಿ ಹದಿನೇಳನೇ ಪುಟದ ಎಲೆಯನ್ನು ತಾವೇ ಅಲ್ಲಾಡಿಸಿ ನೋಡಿದರು. ಆಮೇಲೆ ಮೂವತ್ತೊಂದರ ಅಂಚಿನ ಮೇಲೆ ಬೆರಳಾಡಿಸಿದರು. ಬ್ಲೇಡಣ್ಣ ಸಾಕ್ಷಿಗೆ ಬಂದಿದ್ದ, ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು. ಅಂಚಿನ ವಿಷಯ ಅವನು ವಿವರಿಸತೊಡಗಿದರೆ ನಿಲ್ಲಿಸುವುದೇ ಕಷ್ಟವಾಯಿತು. ಹಳೆಯ ಎಲೆಯನ್ನು ಮಂಡಳಿ ಒಪ್ಪಿತು. ಇವಳು ಬಂದದ್ದು ಮುಕ್ತ ಅಂಕಿಯಲ್ಲಿ, ಇಳಿಸಿದ್ದು ತಪ್ಪು, ಹುದ್ದೆ ಮತ್ತು ವ್ಯತ್ಯಾಸದ ಸಂಬಳ ಎರಡನ್ನೂ ಕೊಡಿ. ಓದಿ ಮುಗಿಸಲು ಐದು ನಿಮಿಷ ಹಿಡಿಯಲಿಲ್ಲ.

ಹೊರಗೆ ಅವಳು ಮೆಟ್ಟಿಲ ಮೇಲೆ ಕೂತು ಚಪ್ಪಲಿ ಬಿಚ್ಚಿ ಕಾಲು ನೀಡಿಕೊಂಡಳು. ಹದಿನಾಲ್ಕು ತಿಂಗಳು ನಿಂತು ಮಡಿಸಿ ಪಾದ ಊದಿದ್ದವು. ಗಂಡ ಕೆಲಸದಿಂದ ನೇರ ಬಂದಿದ್ದ, ಲಿಫ್ಟಿನ ಬೀಗದ ಕೈ ಇನ್ನೂ ಜೇಬಿನಲ್ಲೇ.

"ಆಯ್ತಾ?" ಅಂದ.

"ಆಯ್ತು."

"ನಾಳೆಯಿಂದ ಕೂತು ಕೆಲಸವಾ?"

"ಕೂತು ಕೆಲಸ."

"ಸರಿ ಹಾಗಾದ್ರೆ" ಅಂದು ಅವನು ಪಕ್ಕದಲ್ಲಿ ಕೂತ. ಇಬ್ಬರೂ ಬಹಳ ಹೊತ್ತು ಅಲ್ಲೇ ಕೂತಿದ್ದರು. ನ್ಯಾಯಮಂಡಳಿಯ ಜವಾನ ಬಂದು ಎಬ್ಬಿಸಬೇಕಾಯಿತು.

ಸೋಮವಾರ ಬ್ಲೇಡಣ್ಣ ಕುರ್ಚಿಯನ್ನು ತಾನೇ ಎಳೆದುಕೊಟ್ಟ. "ತಗೋ ತಾಯಿ. ಅದರ ಒಂದು ಕಾಲು ಗಿಡ್ಡ, ಹದಿನಾಲ್ಕು ತಿಂಗಳಲ್ಲಿ ನನ್ನ ಸೊಂಟ ಹೋಯ್ತು. ಒಂಬತ್ತು ವರ್ಷ ಹೇಗೆ ಕೂತಿದ್ದೆ?" ಅಂದು ಮಷೀನಿನ ಹತ್ತಿರ ಹೋಗಿ ಬ್ಲೇಡಿಗೆ ಎಣ್ಣೆ ಬಿಟ್ಟ. ಅವನ ಮುಖವೂ ಹಗುರಾಗಿತ್ತು. ಹತ್ತು ವರ್ಷ ಹೊಟ್ಟೆಯಲ್ಲಿ ಇಟ್ಟುಕೊಂಡ ಸಿಟ್ಟು ಸುಳ್ಳಿನ ಮೇಲೆ ನಿಂತದ್ದು ಅಂತ ತಿಳಿದರೆ ಕೆಲವರಿಗೆ ಸಿಟ್ಟು ಜಾಸ್ತಿಯಾಗುತ್ತದೆ. ಇವನಿಗೆ ಹಸಿವು ಜಾಸ್ತಿಯಾಯಿತು. ಆವತ್ತು ಮಧ್ಯಾಹ್ನ ಅವಳ ಡಬ್ಬಿಯಲ್ಲಿ ಅರ್ಧ ಅವನೇ ತಿಂದ.

ಉಳಿದ ಏಳು ಜನ ಹಳೆಯ ಎಲೆಯ ಬಲದಿಂದ ಬರಲಿಲ್ಲ. ಅವರು ಮೀಸಲು ಅಂಕಿಯವರೇ, ಅದರಲ್ಲಿ ನಾಚಿಕೆಯದೇನೂ ಇಲ್ಲ. ಸರ್ಕಾರ ಕೊನೆಗೂ ಎದ್ದು ಕೂತು, ಮೇಲಿನ ಹುದ್ದೆಗಳಲ್ಲಿ ಯಾರೆಷ್ಟಿದ್ದಾರೆ ಅಂತ ಎಣಿಸಿ, ಹೊಸ ಕಾನೂನು ತಂದಿತು. ಅದರ ಮೇಲೂ ಕೋರ್ಟಿಗೆ ಹೋದರು, ಈ ಸಲ ಕೋರ್ಟು ಎತ್ತಿಹಿಡಿಯಿತು. ಆರು ತಿಂಗಳ ಹಿಂದೆ ಏಳೂ ಜನ ತಮ್ಮ ತಮ್ಮ ಕುರ್ಚಿಗೆ ಮರಳಿದರು. ಆವತ್ತು ನನಗೂ ಒಂದು ಒಳ್ಳೆಯ ನಿದ್ದೆ ಬಂತು.

ಗೋಂದಣ್ಣನಿಗೆ ಹೇಳುವುದಕ್ಕೆ ದಾರದಕ್ಕ ಒಬ್ಬಳೇ ಹೋಗಿದ್ದಳು. ಅವನು ಅಂಟು ಹಚ್ಚುತ್ತಲೇ ಕೆಲಸ ಮುಗಿಸಿ ನಿವೃತ್ತನಾಗಿ ಮೂರು ವರ್ಷ. ಒಂದು ಕುರ್ಚಿ ತನಗೆ ಬರಬೇಕಾಗಿತ್ತು ಅಂತ ಅವನಿಗೆ ಕನಸೂ ಬಿದ್ದಿರಲಿಲ್ಲ. ಕೇಳಿಸಿಕೊಂಡು, "ನಾನು ಎಪ್ಪತ್ತೊಂದು ತಗೊಂಡಿದ್ದೆನಾ?" ಅಂತ ಎರಡು ಸಲ ಕೇಳಿದನಂತೆ. ಹೆಂಡತಿಯನ್ನು ಕರೆದು ಅವಳಿಗೂ ಹೇಳಿಸಿದನಂತೆ. ಅವನ ಪಿಂಚಣಿಯನ್ನು ಮೇಲ್ವಿಚಾರಕನ ದರ್ಜೆಗೆ ತಿದ್ದಿ ಅಂತ ಅರ್ಜಿ ಹಾಕಿದ್ದೇವೆ. ಬರೆದವಳು ದಾರದಕ್ಕ, ಅಧಿಕಾರಿಯಮ್ಮ ಶಿಫಾರಸು ಮಾಡಿದ್ದಾರೆ. ಮುಂದಿನ ತಿಂಗಳು ವಿಚಾರಣೆ, ಆಗುತ್ತದೆ ಅಂತ ನಂಬಿಕೆ ಇದೆ.

ದುಂಡಕ್ಷರ ಸಾಹೇಬರಿಗೆ ಒಂದು ಎಚ್ಚರಿಕೆ ಪತ್ರ ಸಿಕ್ಕಿತು, ಅಷ್ಟೇ. ಇನ್ನಷ್ಟು ಶಿಕ್ಷೆ ಬೇಕು ಅಂತ ನಾನು ಕೇಳಲಿಲ್ಲ. ಅವರೊಬ್ಬರನ್ನು ಮನೆಗೆ ಕಳಿಸಿ ಏನು ಪ್ರಯೋಜನ, ಅವರಂತೆ ತಿದ್ದುವವರು ಎಷ್ಟು ಕಚೇರಿಯಲ್ಲಿದ್ದಾರೋ.

ಇದನ್ನು ಓದುತ್ತಿರುವ ನೀವು ಯಾವುದೋ ಒಂದು ಸರ್ಕಾರಿ ಕಚೇರಿಯಲ್ಲಿ ಇದ್ದೀರಿ, ಇಲ್ಲ ನಿಮ್ಮ ಮನೆಯವರು ಯಾರೋ ಇದ್ದಾರೆ. ಅಲ್ಲೂ ಒಂದು ರೋಸ್ಟರ್ ಪುಸ್ತಕ ಇದೆ. ನಾಳೆ ಹೋಗಿ ಅದನ್ನು ತೆಗೆಸಿ. ಕೊಡುವುದಿಲ್ಲ ಅಂದರೆ ಅರ್ಜಿ ಹಾಕಿ, ಆಮೇಲೂ ಕೊಡದಿದ್ದರೆ ನಾವು ಕೂತ ಹಾಗೆ ನೆಲದ ಮೇಲೆ ಕೂರಿ. ಸಿಕ್ಕಾಗ ಮುಕ್ತ ಅಂಕಿಗಳ ಸಾಲಿನ ಮೇಲೆ ಬೆರಳಿಟ್ಟು ಇಳಿಯಿರಿ. ಅಲ್ಲಿ ನಮ್ಮವರ ಹೆಸರು ಒಂದಾದರೂ ಇದೆಯಾ ನೋಡಿ. ಇಲ್ಲದಿದ್ದರೆ ಅಂಕಗಳ ಪಟ್ಟಿ ಕೇಳಿ, ಉತ್ತರವನ್ನು ಬರಹದಲ್ಲಿ ತಗೊಳ್ಳಿ. ಇಷ್ಟು ಮಾಡಿ ಬನ್ನಿ. ಅಲ್ಲಿಯವರೆಗೆ, ಯಾರ ಕುರ್ಚಿಯಲ್ಲಿ ಯಾರು ಕೂತಿದ್ದಾರೆ ಅಂತ ನನ್ನ ಮುಂದೆ ಮಾತೆತ್ತಬೇಡಿ.